ಶ್ಯಾಡೋ ಆಫ್ ದ ಕೊಲೊಸಸ್ ಮತ್ತೆ ಆಡಬೇಕು, ಯಾವುದರಲ್ಲಿ?

ಮೊದಲು ಮನೆಯ ಟಿವಿ ನೋಡಿ, ಆಮೇಲೆ ಕನ್ಸೋಲ್ ಹುಡುಕಿ. ಹುಡುಗನೊಬ್ಬ ದೈತ್ಯರ ಮೈಯೇರಿ ಬೀಳಿಸುವ ಈ ವಿಡಿಯೋ ಗೇಮಿನ ವಿಷಯದಲ್ಲಿ ಬಹಳ ಜನ ಇದನ್ನು ಉಲ್ಟಾ ಮಾಡುತ್ತಾರೆ. ಅಟ್ಟದ ಮೇಲಿದ್ದ ಪಿಎಸ್2 (ಸೋನಿಯ ಪ್ಲೇಸ್ಟೇಷನ್ 2) ಕೆಳಗಿಳಿಸಿ, ಧೂಳು ಒರೆಸಿ, 43 ಇಂಚಿನ ಎಲ್‌ಇಡಿ ಟಿವಿಗೆ ಹಳದಿ-ಕೆಂಪು-ಬಿಳಿ ವಯರ್ ಸಿಕ್ಕಿಸುತ್ತಾರೆ. ಮಸುಕು ಮಸುಕಾದ ಚಿತ್ರ ಬರುತ್ತದೆ. ಗುಂಡಿ ಒತ್ತಿದ ಮೇಲೆ ಯೋಚನೆ ಮಾಡಿ ನೆಗೆಯುವ ಹುಡುಗ ಕಾಣುತ್ತಾನೆ. ‘ಆಗ ಎಷ್ಟು ಚೆನ್ನಾಗಿತ್ತು, ಈಗ ಇಷ್ಟೇನಾ’ ಅಂತ ಅರ್ಧ ಗಂಟೆಗೆ ಆಫ್ ಮಾಡುತ್ತಾರೆ. ಅಲ್ಲಿ ಕೆಟ್ಟದ್ದು ಆಟ ಅಲ್ಲ, ಕನ್ಸೋಲಿಗೂ ಟಿವಿಗೂ ಹಾಕಿದ ಗಂಟು.

ಆಟ ಈಗ ಮೂರು ಅಧಿಕೃತ ರೂಪಗಳಲ್ಲಿದೆ. ಫುಮಿಟೊ ಉಯೆಡಾ ನಿರ್ದೇಶನದಲ್ಲಿ 2005ರ ಅಕ್ಟೋಬರಿನಲ್ಲಿ ಪಿಎಸ್2ಗೆ ಬಂದದ್ದು ಮೂಲ. ಬ್ಲೂಪಾಯಿಂಟ್ ಗೇಮ್ಸ್ ಅದನ್ನೇ ತಿದ್ದಿ, ‘ಐಕೋ’ ಎಂಬ ಇನ್ನೊಂದು ಆಟದ ಜೊತೆ ಸೇರಿಸಿ 2011ರಲ್ಲಿ ಪಿಎಸ್3ಗೆ ತಂದದ್ದು ಎರಡನೆಯದು. ಅದೇ ಬ್ಲೂಪಾಯಿಂಟ್ 2018ರ ಫೆಬ್ರವರಿಯಲ್ಲಿ ಕಲ್ಲು, ಹುಲ್ಲು, ಕೂದಲು ಎಲ್ಲವನ್ನೂ ಹೊಸದಾಗಿ ಮಾಡಿ ಪಿಎಸ್4ಗೆ ಕೊಟ್ಟದ್ದು ಮೂರನೆಯದು. ನಾಲ್ಕನೆಯ ದಾರಿ, ಪಿಎಸ್2 ಡಿಸ್ಕನ್ನೇ ಲ್ಯಾಪ್‌ಟಾಪಿನಲ್ಲಿ ಪಿಸಿಎಸ್‌ಎಕ್ಸ್2 ಎಂಬ ಎಮ್ಯುಲೇಟರ್ (ಪಿಎಸ್2ನ್ನು ನಕಲು ಮಾಡುವ ತಂತ್ರಾಂಶ) ಮೂಲಕ ಆಡುವುದು.

ಕತೆ, ನಕ್ಷೆ, 16 ದೈತ್ಯರು, ಅವರನ್ನು ಬೀಳಿಸುವ ಉಪಾಯ, ಇಷ್ಟೂ ನಾಲ್ಕರಲ್ಲೂ ಒಂದೇ. ನಾಯಕ ವಾಂಡರ್ ಇದ್ದಾನೆ, ಆಗ್ರೋ ಕುದುರೆ ಇದೆ, ಕತ್ತಿ ಇದೆ, ಎಂದೂ ಮುಗಿಯದ ಬಾಣಗಳಿವೆ. ನಡುವೆ ಊರಿಲ್ಲ, ಅಂಗಡಿಯಿಲ್ಲ, ಚಿಲ್ಲರೆ ವೈರಿಗಳಿಲ್ಲ. ಹಾಗಾಗಿ ಆಯ್ಕೆ ನಿಲ್ಲುವುದು ಮೂರು ವಿಷಯದ ಮೇಲೆ: ಚಿತ್ರ, ಓಟದ ನಯ, ಕೈಗೆ ಸಿಗುವ ಹಿಡಿತ. ಮೊದಲೆರಡರ ಬಗ್ಗೆ ಎಲ್ಲರೂ ಮಾತಾಡುತ್ತಾರೆ. ಎರಡನೇ ಸಲ ಆಡುವವರಿಗೆ ಮುಖ್ಯವಾಗುವುದು ಮೂರನೆಯದು.

ಹಿಡಿತ ಎಂದರೆ ಏನು

ಪರದೆಯ ಕೆಳಮೂಲೆಯ ಗುಲಾಬಿ ಬಣ್ಣದ ವೃತ್ತವೇ ವಾಂಡರನ ಕೈಬಲ. ಹಿಡಿಯುವ ಗುಂಡಿ ಒತ್ತಿಕೊಂಡಿರುವಷ್ಟು ಹೊತ್ತು ಅದು ಕುಗ್ಗುತ್ತದೆ, ಪೂರ್ತಿ ಕುಗ್ಗಿದರೆ ಕೈ ಜಾರಿ ಕೆಳಗೆ. ಮಧುಗಿರಿಯ ಏಕಶಿಲಾ ಬೆಟ್ಟ ಹತ್ತಿದವರಿಗೆ ಈ ಲೆಕ್ಕ ಬೇಗ ತಲೆಗೆ ಹೋಗುತ್ತದೆ. ಕಡಿದಾದ ಬಂಡೆಯಲ್ಲಿ ಒಂದೇ ಉಸಿರಿಗೆ ಏರಲು ಹೋದವರು ಅರ್ಧಕ್ಕೇ ಕೂರುತ್ತಾರೆ. ಸಮತಟ್ಟು ಸಿಕ್ಕಲ್ಲೆಲ್ಲ ಎರಡು ನಿಮಿಷ ನಿಂತವರು ಕೋಟೆಯ ತುದಿ ನೋಡುತ್ತಾರೆ. ಇಲ್ಲೂ ಹಾಗೆಯೇ. ದೈತ್ಯನ ಹೆಗಲು, ಬೆನ್ನಿನ ಕಲ್ಲುಚಪ್ಪಡಿ, ಸೊಂಟದ ಪಟ್ಟಿ, ಇಂಥ ಕಡೆ ಕಾಲೂರಿ ಗುಂಡಿ ಬಿಟ್ಟರೆ ವೃತ್ತ ಮತ್ತೆ ತುಂಬುತ್ತದೆ. ದೈತ್ಯ ಮೈ ಕೊಡವಲು ಶುರುಮಾಡಿದ ಕ್ಷಣ ಹಿಡಿಯಬೇಕು, ನಿಲ್ಲಿಸಿದ ಕ್ಷಣ ಬಿಡಬೇಕು ಇಲ್ಲವೇ ಇರಿಯಬೇಕು.

ಇರಿಯುವುದೂ ಎರಡು ಹಂತದ ಕೆಲಸ. ಚೌಕದ ಗುಂಡಿ ಒಮ್ಮೆ ಒತ್ತಿದರೆ ಕತ್ತಿ ಮೇಲೇಳುತ್ತದೆ, ಬಲ ಕೂಡುತ್ತಾ ಹೋಗುತ್ತದೆ. ಇನ್ನೊಮ್ಮೆ ಒತ್ತಿದರೆ ಇಳಿಯುತ್ತದೆ. ಬೇಗ ಒತ್ತಿದರೆ ಗೀರು, ಕಾದು ಒತ್ತಿದರೆ ಗಾಯ. ಕಾಯುತ್ತಿರುವಾಗ ದೈತ್ಯ ಕೊಡವಿದರೆ ಕೂಡಿಸಿದ ಬಲವೆಲ್ಲ ನೀರುಪಾಲು.

ಆವೃತ್ತಿಗಳ ವ್ಯತ್ಯಾಸ ಹೊರಬೀಳುವುದು ಇಲ್ಲೇ. ಪಿಎಸ್2 ಮೂಲದ ಗುರಿ ಸೆಕೆಂಡಿಗೆ 30 ಫ್ರೇಮ್. ದೊಡ್ಡ ದೈತ್ಯ ಪರದೆ ತುಂಬಿಕೊಂಡಾಗ ಅದು 20ರ ಕೆಳಕ್ಕೂ ಇಳಿಯುತ್ತದೆ. 30 ಫ್ರೇಮಿನಲ್ಲಿ ಒಂದೊಂದು ಚಿತ್ರಕ್ಕೆ 33 ಮಿಲಿಸೆಕೆಂಡ್, 20ರಲ್ಲಿ 50. ಎಲ್ಲವೂ ಎಣ್ಣೆಯೊಳಗೆ ನಡೆದಂತೆ ತಡವಾಗುವುದರಿಂದ ಆ ದೈತ್ಯರಿಗೆ ಇಲ್ಲದ ತೂಕವೂ ಬಂದುಬಿಡುತ್ತದೆ. ತೊಂದರೆ ಹೌದು, ಆದರೆ ಆಟಕ್ಕೆ ಒಪ್ಪಿದ ತೊಂದರೆ. ಪಿಎಸ್3ರಲ್ಲಿ 30 ಫ್ರೇಮ್ ಕದಲದೆ ನಿಲ್ಲುತ್ತದೆ. ಪಿಎಸ್4 ಪ್ರೋ ಅಥವಾ ಪಿಎಸ್5ನಲ್ಲಿ 60ಕ್ಕೆ ಏರಿಸಬಹುದು. ಅಲ್ಲಿ ವಾಂಡರ್ ಹಗುರ, ಗುಂಡಿ ಒತ್ತಿದ ತಕ್ಷಣ ಉತ್ತರ. ಆದರೆ ಪಿಎಸ್2ರ ತಾಳಕ್ಕೆ ಪಳಗಿದ ಬೆರಳು ಮೊದಲ ಎರಡು ಮೂರು ದೈತ್ಯರ ಮೇಲೆ ತಪ್ಪುತ್ತಲೇ ಇರುತ್ತದೆ. ಕೊಡವಿಕೆಗಳ ನಡುವಿನ ಬಿಡುವು ಚಿಕ್ಕದಾಯಿತೇನೋ ಅನ್ನಿಸುತ್ತದೆ. ಆಗ ಪೂರ್ತಿ ಬಲಕ್ಕೆ ಕಾಯುವ ಹಟ ಬಿಟ್ಟು, ಅರ್ಧ ಬಲದ ಎರಡು ಇರಿತಕ್ಕೆ ಇಳಿಯುವುದು ಲೇಸು.

ಪಿಎಸ್2: ಡಬ್ಬ ಟಿವಿ ಇದ್ದವರಿಗೆ ಮಾತ್ರ

ಮನೆಯಲ್ಲಿ ಇನ್ನೂ ಕೆಲಸ ಮಾಡುವ ಹಳೆ ಡಬ್ಬ ಟಿವಿ ಇದ್ದರೆ, ಅಥವಾ ತುಮಕೂರಿನ ಮಂಡಿಪೇಟೆ ಕಡೆಯ ಗುಜರಿಯಲ್ಲಿ 21 ಇಂಚಿನದು ಒಂದು ಸಿಕ್ಕರೆ, ಈ ದಾರಿಗೆ ಅರ್ಥವಿದೆ. ಆ ಪರದೆಯ ಗೆರೆಗಳು ಆಟದ ಮಂಜು-ಬೆಳಕನ್ನು ಹದವಾಗಿ ಕಲೆಸುತ್ತವೆ, ತಡವೂ ಇಲ್ಲ. ಎಲ್‌ಇಡಿ ಟಿವಿ ಅದೇ ಸಿಗ್ನಲನ್ನು ಹಿಗ್ಗಿಸುತ್ತಾ ಹೊತ್ತು ತಿನ್ನುತ್ತದೆ. ಮೊದಲೇ ನಿಧಾನದ ಆಟಕ್ಕೆ ಅದು ಗಾಯದ ಮೇಲೆ ಬರೆ.

ಕೊಳ್ಳುವಾಗ ಕನ್ಸೋಲ್ ತಿರುಗಿಸಿ ಮಾದರಿ ಸಂಖ್ಯೆ ಓದಿ. 30000ದಿಂದ 50000ದ ಸಾಲಿನವು ದಪ್ಪನೆಯವು. 70000ದಿಂದ 79000ದವರೆಗಿನವು ತೆಳ್ಳನೆಯವು, 8.5 ವೋಲ್ಟಿನ ಹೊರಗಿನ ಅಡಾಪ್ಟರ್ ಬೇಕು. 90000ದ ಸಾಲಿನಲ್ಲಿ ಪವರ್ ಸಪ್ಲೈ ಒಳಗೇ ಇದೆ, ಟೇಪ್‌ರೆಕಾರ್ಡರಿನ ಎಂಟರಾಕಾರದ ವಯರ್ ಸಾಕು. ನಮ್ಮ ಆಯ್ಕೆ ಈ ಕೊನೆಯದೇ. ಹಳೆ ಸ್ಲಿಮ್‌ಗಳ ಜೊತೆ ಬರುವ ಡೂಪ್ಲಿಕೇಟ್ ಅಡಾಪ್ಟರುಗಳಲ್ಲಿ ವೋಲ್ಟ್ ಸರಿ ಬರೆದಿದ್ದರೂ ಆಂಪಿಯರ್ ಸಾಲದು. ಡಿಸ್ಕ್ ಜೋರಾಗಿ ತಿರುಗಲು ಶುರುಮಾಡಿದ ಕೂಡಲೇ ಕನ್ಸೋಲ್ ರೀಸ್ಟಾರ್ಟ್ ಆಗುತ್ತದೆ, ಮಾರುವವರು ‘ಡಿಸ್ಕ್ ಸರಿಯಿಲ್ಲ’ ಅನ್ನುತ್ತಾರೆ.

ಅಂಗಡಿಯಲ್ಲಿ ಐದು ನಿಮಿಷ ಓಡಿಸಿ ನೋಡಿದರೆ ಸಾಲದು. ಇಪ್ಪತ್ತು ನಿಮಿಷ ಕಾಯಲು ಬಿಡಿ, ಬಿಸಿಯಾದ ಮೇಲೆ ಡಿಸ್ಕ್ ತೆಗೆದು ಮತ್ತೆ ಹಾಕಿ. ಲೆನ್ಸ್ ದಣಿದಿದ್ದರೆ ಟಿಕ್ ಟಿಕ್ ಸದ್ದು, ಇಲ್ಲವೇ ಕೆಂಪು ಪರದೆ. ಸ್ಲಿಮ್‌ಗಳಲ್ಲಿ ಮುಚ್ಚಳ ತೆರೆದು ಲೆನ್ಸಿನ ಕೆಳಗಿನ ಪಟ್ಟಿ ಕೇಬಲ್ ನೋಡಿ. ಅದರ ಅಂಟು ಬಿಟ್ಟು ಮೇಲಕ್ಕೆ ಉಬ್ಬಿದ್ದರೆ, ತಿರುಗುವ ಡಿಸ್ಕಿಗೆ ತಾಗಿ ಗುಂಡಗೆ ಒಂದು ಗೀರು ಹಾಕುತ್ತದೆ. ಡಿಸ್ಕಿಗೆ ಎಲ್ಲಕ್ಕಿಂತ ಕೆಟ್ಟ ಗಾಯ ಅದೇ. ಮಧ್ಯದಿಂದ ಅಂಚಿಗೆ ನೇರ ಹೋದ ಗೀರನ್ನು ಕನ್ಸೋಲ್ ದಾಟಿಕೊಂಡು ಓದುತ್ತದೆ, ಏಕೆಂದರೆ ಪ್ರತಿ ಸುತ್ತಿನಲ್ಲಿ ಕಳೆಯುವುದು ಸ್ವಲ್ಪವೇ. ಸುತ್ತು ಗೀರು ಮಾಹಿತಿಯ ದಾರಿಯುದ್ದಕ್ಕೂ ಬಿದ್ದಿರುತ್ತದೆ, ತಿದ್ದಿಕೊಳ್ಳಲು ಆಧಾರವೇ ಉಳಿಯುವುದಿಲ್ಲ. ಟ್ಯೂಬ್‌ಲೈಟ್ ಕೆಳಗೆ ಡಿಸ್ಕ್ ಓರೆ ಹಿಡಿದು ನೋಡಿ, ನಡುವಿನ ತೂತಿನ ಸುತ್ತ ಕೂದಲೆಳೆ ಬಿರುಕಿದೆಯೇ ಎಂದೂ ನೋಡಿ.

ಲೆನ್ಸ್ ಒರೆಸಲು ಐಸೊಪ್ರೊಪೈಲ್ ಆಲ್ಕೋಹಾಲ್ ಮತ್ತು ಕಿವಿ ಬಡ್ಸ್. ಒಂದು ಹನಿ ಸಾಕು, ಒತ್ತಬೇಡಿ. ಲೆನ್ಸ್ ಜಾರುವ ಸರಳಿಗೆ ಬಿಳಿ ಲಿಥಿಯಂ ಗ್ರೀಸನ್ನು ಬೆಂಕಿಕಡ್ಡಿಯ ತುದಿಯಷ್ಟು ಹಚ್ಚಿ. ತಿಪಟೂರು ಇರುವ ಜಿಲ್ಲೆಯವರಾದರೂ ಕೊಬ್ಬರಿ ಎಣ್ಣೆ ಬೇಡ, ಹೊಲಿಗೆ ಮಿಷನ್ ಎಣ್ಣೆಯೂ ಬೇಡ. ತೆಳು ಎಣ್ಣೆ ಹರಿದು ಲೆನ್ಸಿಗೆ ಬರುತ್ತದೆ, ಧೂಳನ್ನೂ ಕರೆತರುತ್ತದೆ. ಪವರ್ ಹೆಚ್ಚಿಸಲು ಲೆನ್ಸಿನ ಪಕ್ಕದ ಪುಟ್ಟ ಸ್ಕ್ರೂ ತಿರುಗಿಸುವ ಸಲಹೆ ಎಲ್ಲೆಡೆ ಸಿಗುತ್ತದೆ. ಅದು ಸಾಯುತ್ತಿರುವ ಲೆನ್ಸಿಗೆ ಕೊಡುವ ಕೊನೆಯ ಗುಕ್ಕು ನೀರು, ಮೊದಲ ಮದ್ದಲ್ಲ.

ಡಿಸ್ಕಿನ ಊರೂ ಮುಖ್ಯ. ಭಾರತಕ್ಕೆ ಬಂದ ಪಿಎಸ್2ಗಳು ಪಾಲ್ ಎಂಬ ಟಿವಿ ಪದ್ಧತಿಯ ವಲಯದವು. ಡಿಸ್ಕಿನ ಸಂಖ್ಯೆ ಎಸ್‌ಸಿಇಎಸ್ ಎಂದು ಶುರುವಾದರೆ ಪಾಲ್, ಎಸ್‌ಸಿಯುಎಸ್ ಎಂದಿದ್ದರೆ ಅಮೆರಿಕದ್ದು. ವಲಯದ ಬೀಗ ತೆಗೆಯುವ ಚಿಪ್ ಹಾಕಿಸದ ಕನ್ಸೋಲ್ ಅಮೆರಿಕದ ಡಿಸ್ಕ್ ಓದುವುದಿಲ್ಲ. ಓದಿದರೂ ಪಾಲ್ ಮಾತ್ರ ಬಲ್ಲ ಹಳೆ ಟಿವಿಯಲ್ಲಿ ಚಿತ್ರ ಕಪ್ಪುಬಿಳುಪಾಗಿ ಬರಬಹುದು. ಅದನ್ನು ನೋಡಿ ವಯರ್ ಬದಲಾಯಿಸುತ್ತಾ ಕೂರಬೇಡಿ, ಟಿವಿಯ ಮೆನುವಿನಲ್ಲಿ ಕಲರ್ ಸಿಸ್ಟಮ್ ಅನ್ನು ಆಟೋ ಅಥವಾ ಅಮೆರಿಕದ ಪದ್ಧತಿಯಾದ ಎನ್‌ಟಿಎಸ್‌ಸಿಗೆ ತನ್ನಿ. ತಳ ನೇರಳೆಯಾಗಿ ಹೊಳೆಯುವ ಡಿಸ್ಕ್ ಎಂದರೆ ಸುಟ್ಟ ಕಾಪಿ. ದುಡ್ಡು ಕೊಡಬೇಡಿ.

ಎಲ್‌ಇಡಿಗೇ ಹಾಕಲೇಬೇಕು ಎಂದಾದರೆ ಹಳದಿ ವಯರ್ ಬಿಟ್ಟು ಐದು ಪಿನ್ನಿನ ಕಾಂಪೊನೆಂಟ್ ಕೇಬಲ್ ಬಳಸಿ, ಟಿವಿಯಲ್ಲಿ ಗೇಮ್ ಮೋಡ್ ಹಾಕಿ. ಸಣ್ಣ ಎಚ್‌ಡಿಎಂಐ ಅಡಾಪ್ಟರ್ ಸಿಕ್ಕಿಸಿದ ಮೇಲೆ ಚಿತ್ರ ಹಸಿರು ಅಥವಾ ಗುಲಾಬಿಗೆ ತಿರುಗಿದರೆ ಅಡಾಪ್ಟರ್ ಕೆಟ್ಟಿಲ್ಲ. ಡಿಸ್ಕ್ ಇಲ್ಲದೆ ಕನ್ಸೋಲ್ ಆನ್ ಮಾಡಿ, ಸಿಸ್ಟಮ್ ಕಾನ್ಫಿಗರೇಶನ್‌ನಲ್ಲಿ ಕಾಂಪೊನೆಂಟ್ ವಿಡಿಯೋ ಔಟ್ ಎಂಬುದನ್ನು ಆರ್‌ಜಿಬಿಯಿಂದ ವೈ-ಸಿಬಿ-ಸಿಆರ್ ಕಡೆಗೆ ಬದಲಾಯಿಸಿದರೆ ಬಣ್ಣ ಸರಿಹೋಗುತ್ತದೆ.

ಮೆಮೊರಿ ಕಾರ್ಡ್ 8 ಎಂಬಿಯ ಒರಿಜಿನಲ್ ಇರಲಿ. 64, 128 ಎಂಬಿ ಎಂದು ಬರೆದ ಅಗ್ಗದ ಕಾರ್ಡುಗಳು ಹನ್ನೆರಡನೇ ದೈತ್ಯನವರೆಗೂ ಸುಮ್ಮನಿದ್ದು ಆಮೇಲೆ ಕೈಕೊಡುವ ಜಾತಿಯವು.

ಪಿಎಸ್3: ನಡುವಿನ ದಾರಿ, ನಮ್ಮ ಒಲವು

ಮೊದಲು ಪಿಎಸ್2ರಲ್ಲಿ ಆಡಿದ್ದು, ಈಗ ಎಲ್‌ಇಡಿ ಟಿವಿ ಮಾತ್ರ ಇರುವವರು ಇದನ್ನು ಹುಡುಕಿ. ಕಲ್ಲು, ಕೂದಲು, ಬೆಳಕು ಎಲ್ಲ ಹಳೆಯವೇ. 720ಪಿಯಲ್ಲಿ, ಅಗಲ ಪರದೆಗೆ, 30 ಫ್ರೇಮಿನಲ್ಲಿ ನೇರ ಎಚ್‌ಡಿಎಂಐನಿಂದ ಬರುತ್ತದೆ. ಗುಂಡಿಗಳೂ ಮೂಲದವೇ: ತ್ರಿಕೋನ ನೆಗೆತ, ಆರ್1 ಹಿಡಿತ. ಬೆರಳು ಏನನ್ನೂ ಮರುಕಲಿಯಬೇಕಿಲ್ಲ. ಜೊತೆಗೆ ‘ಐಕೋ’ ಪುಕ್ಕಟೆ.

ಕಷ್ಟ ಇರುವುದು ಹುಡುಕುವುದರಲ್ಲಿ. ತುಮಕೂರಿನ ಎಂ.ಜಿ. ರಸ್ತೆ, ಬಿ.ಎಚ್. ರಸ್ತೆಯ ಅಂಗಡಿಗಳಲ್ಲಿ ಪಿಎಸ್3 ಡಿಸ್ಕ್ ಕೇಳಿದರೆ ಕ್ರಿಕೆಟ್, ಫುಟ್‌ಬಾಲ್, ಕಾರ್ ರೇಸು ಮುಂದೆ ಬರುತ್ತವೆ. ಬೆಳಗಿನ ರೈಲು ಹತ್ತಿ ಮೆಜೆಸ್ಟಿಕ್ಕಿಗೆ ಇಳಿದು ನ್ಯಾಷನಲ್ ಮಾರ್ಕೆಟ್ ಒಂದು ಸುತ್ತು ಹಾಕುವುದು, ಇಲ್ಲವೇ ಆನ್‌ಲೈನ್ ಸೆಕೆಂಡ್ ಹ್ಯಾಂಡ್ ನೋಡುವುದು ವಾಸಿ. ಪಿಎಸ್3 ಡಿಸ್ಕುಗಳಿಗೆ ವಲಯದ ಬೀಗವಿಲ್ಲ, ಯಾವ ದೇಶದ್ದಾದರೂ ಓಡುತ್ತದೆ. ಆದರೆ ಇದು ಬ್ಲೂ-ರೇ. ಡಿವಿಡಿಯಲ್ಲಿ ಮಾಹಿತಿಯ ಪದರ ಮೇಲ್ಮೈಯಿಂದ 0.6 ಮಿಲಿಮೀಟರ್ ಒಳಗಿದ್ದರೆ ಇಲ್ಲಿ 0.1 ಮಾತ್ರ. ಮೇಲೆ ಗಟ್ಟಿ ಲೇಪವಿರುವುದರಿಂದ ಸುಲಭಕ್ಕೆ ಗೀರಾಗುವುದಿಲ್ಲ. ಆದರೆ ಗೀರು ಆಳವಾಗಿ ಬಿದ್ದರೆ ಉಜ್ಜಿ ಪಾಲಿಶ್ ಹಾಕಿಸಿ ಉಳಿಸುವ ಮಾತೇ ಇಲ್ಲ, ಉಜ್ಜುವಷ್ಟು ದಪ್ಪವೇ ಅಲ್ಲಿಲ್ಲ.

ಕನ್ಸೋಲುಗಳಲ್ಲಿ ಮೊದಲ ದಪ್ಪ ಮಾದರಿ ಬೇಡ. ಹಳದಿ ದೀಪ ಮಿನುಗಿ ಸಾಯುವ ಕಾಯಿಲೆ ಅದರದು. ಹೀಟ್ ಗನ್ ಹಿಡಿದು ‘ಸರಿ’ ಮಾಡಿದ್ದು ಕೆಲವು ವಾರವೋ ತಿಂಗಳೋ ಅಷ್ಟೇ. ಸಿಇಸಿಎಚ್-2000, 3000 ಸಾಲಿನ ಸ್ಲಿಮ್ ಅಥವಾ 4000ದ ಸೂಪರ್ ಸ್ಲಿಮ್ ನೋಡಿ. ಅರ್ಧ ಗಂಟೆ ಆಡಿದ ಮೇಲೆ ಫ್ಯಾನ್ ಮಿಕ್ಸಿಯಂತೆ ಕೂಗಿದರೆ ಥರ್ಮಲ್ ಪೇಸ್ಟ್ ಒಣಗಿದೆ ಎಂದು ಲೆಕ್ಕ, ಆ ಖರ್ಚನ್ನು ಬೆಲೆಯಲ್ಲಿ ಇಳಿಸಿ. ಕಂಟ್ರೋಲರ್ ಮೇಲೆ ಸಿಕ್ಸಾಕ್ಸಿಸ್ ಎಂದಷ್ಟೇ ಬರೆದಿದ್ದರೆ ಅದರಲ್ಲಿ ನಡುಕದ ಮೋಟರ್ ಇಲ್ಲ, ಕೈಗೆ ಹಗುರ ಅನ್ನಿಸುತ್ತದೆ. ಡ್ಯುಯಲ್‌ಶಾಕ್ 3 ಕೇಳಿ ಪಡೆಯಿರಿ. ಬಿಸಿಲಿಗೆ ಕತ್ತಿ ಎತ್ತಿ ದಿಕ್ಕು ಹುಡುಕುವಾಗ ಕಿರಣಗಳು ಒಂದಾಗುತ್ತಿದ್ದಂತೆ ಕೈಯಲ್ಲಿ ನಡುಕ ಬರುವುದು ಈ ಆಟದ ಅರ್ಧ ರುಚಿ.

ಇನ್ನೊಂದು ಮಾತು. ‘ಪಿಎಸ್5 ಇದೆ, ಪಿಎಸ್ ಪ್ಲಸ್ ಚಂದಾ ಇದೆ, ಪಿಎಸ್3 ಆವೃತ್ತಿ ಅಲ್ಲೇ ಸ್ಟ್ರೀಮ್ ಆಗುತ್ತಲ್ಲ’ ಎನ್ನುವವರಿಗೆ: ಭಾರತದಲ್ಲಿರುವುದು ಎಸೆನ್ಷಿಯಲ್, ಎಕ್ಸ್‌ಟ್ರಾ, ಡೀಲಕ್ಸ್ ಎಂಬ ಮೂರು ಮೆಟ್ಟಿಲು. ಪಿಎಸ್3 ಆಟಗಳ ಸ್ಟ್ರೀಮಿಂಗ್ ಇರುವ ಪ್ರೀಮಿಯಂ ಇಲ್ಲಿಗೆ ಬಂದಿಲ್ಲ. ಪಿಎಸ್3ರ ಒಳಗಿನ ಅಂಗಡಿಯಲ್ಲೂ 2021ರ ಅಕ್ಟೋಬರಿನಿಂದ ಡೆಬಿಟ್, ಕ್ರೆಡಿಟ್ ಕಾರ್ಡ್ ನಡೆಯುವುದಿಲ್ಲ. ಬೇರೆ ಕಡೆಯಿಂದ ವಾಲೆಟ್ ತುಂಬಿಸಬೇಕು. ತುಂಬಿಸುವ ಮೊದಲು ನಿಮ್ಮ ಖಾತೆಯಲ್ಲಿ ಆಟ ಕಾಣುತ್ತದೆಯೇ ನೋಡಿಕೊಳ್ಳಿ.

ಪಿಎಸ್4: ಮೊದಲ ಸಲ ಆಡುವವರಿಗೆ ಕಣ್ಣು ಮುಚ್ಚಿ

ಈ ಆಟವನ್ನೇ ನೋಡದ ತಮ್ಮನಿಗೋ ಗೆಳತಿಗೋ ಕೊಡಿಸುವುದಾದರೆ ಹೆಚ್ಚು ಯೋಚಿಸಬೇಕಿಲ್ಲ. ಡಿಸ್ಕ್ ಸುಲಭವಾಗಿ ಸಿಗುತ್ತದೆ, ಕನ್ಸೋಲ್ ಪಕ್ಕದ ಮನೆಯಲ್ಲೇ ಇದ್ದೀತು. ಸಾದಾ ಪಿಎಸ್4ನಲ್ಲಿ 1080ಪಿ, 30 ಫ್ರೇಮ್. ಪ್ರೋನಲ್ಲಿ ಎರಡು ಮೋಡ್: ಸಿನಿಮ್ಯಾಟಿಕ್ ಎಂದರೆ ಚಿತ್ರ ಚೊಕ್ಕ, 30 ಫ್ರೇಮ್. ಪರ್ಫಾರ್ಮೆನ್ಸ್ ಎಂದರೆ 1080ಪಿ, 60 ಫ್ರೇಮ್. ಪಿಎಸ್5ರಲ್ಲಿ ಇದೇ ಪ್ರೋ ಮೋಡುಗಳು ತೆರೆದುಕೊಳ್ಳುತ್ತವೆ, 60ರದ್ದನ್ನೇ ಹಾಕಿ. ಡಿಸ್ಕ್ ಡ್ರೈವ್ ಇಲ್ಲದ ಪಿಎಸ್5 ಆದರೆ ಸೆಕೆಂಡ್ ಹ್ಯಾಂಡ್ ಡಿಸ್ಕಿನ ಉಳಿತಾಯ ಮರೆತುಬಿಡಿ.

ದುಡ್ಡು ಕೊಡುವ ಮುಂಚೆ ಹಳೆ ಖಾತೆಯನ್ನೊಮ್ಮೆ ತೆರೆಯಿರಿ. 2020ರ ಮಾರ್ಚ್ ತಿಂಗಳ ಪಿಎಸ್ ಪ್ಲಸ್ ಆಟಗಳಲ್ಲಿ ಇದೂ ಒಂದಾಗಿತ್ತು. ಆಗ ‘ಲೈಬ್ರರಿಗೆ ಸೇರಿಸು’ ಒತ್ತಿ ಮರೆತವರು ಕಡಿಮೆಯಿಲ್ಲ. ಚಂದಾ ಚಾಲ್ತಿಯಲ್ಲಿದ್ದರೆ ಇಳಿಸಿಕೊಂಡು ಆಡಬಹುದು.

ಹಳಬರು ಇಲ್ಲಿ ಎಡವುವುದು ಗುಂಡಿಗಳಲ್ಲಿ. ಹೊಸ ಜೋಡಣೆಯಲ್ಲಿ ನೆಗೆತ ಎಕ್ಸ್‌ಗೆ, ಹಿಡಿತ ಆರ್2ಗೆ ಹೋಗಿದೆ. ಮೊದಲ ದೈತ್ಯನ ಎಡಗಾಲ ಹಿಂಭಾಗ ಹಿಡಿದು, ಇರಿದು, ಮಂಡಿಯೂರಿಸಿ ಮೇಲೇರುವ ಹೊತ್ತಿಗೆ ಬೆರಳು ತಾನಾಗಿ ಆರ್1ಗೆ ಹೋಗುತ್ತದೆ. ವಾಂಡರ್ ಕೈಬಿಟ್ಟು ಬೆನ್ನಡಿಯಾಗಿ ಬೀಳುತ್ತಾನೆ. ಸೆಟ್ಟಿಂಗ್ಸ್‌ನಲ್ಲಿ ಕಂಟ್ರೋಲ್ ಜೋಡಣೆಯನ್ನು ಕ್ಲಾಸಿಕ್‌ಗೆ ಬದಲಾಯಿಸಿದರೆ ತ್ರಿಕೋನ, ಆರ್1 ಮರಳುತ್ತವೆ. ಹೊಸಬರಿಗೆ ಹೊಸ ಜೋಡಣೆಯೇ ಸಲೀಸು.

ಚಿತ್ರದ ಬಗ್ಗೆ ಒಂದು ತಕರಾರು ಇದೆ. ಹುಲ್ಲು, ಪಾಚಿ, ನೀರು ಎಷ್ಟು ಚೆಂದವಾಗಿವೆ ಎಂದರೆ, ಮೂಲದಲ್ಲಿ ಬಿಸಿಲಿಗೆ ಬಿಳಿಚಿಕೊಂಡು ಬಿಕೋ ಎನ್ನುತ್ತಿದ್ದ ನೆಲ ಇಲ್ಲಿ ಹಸಿರಾಗಿ ನಗುತ್ತದೆ. ಪಾವಗಡದ ಬಯಲನ್ನು ಮಲೆನಾಡಿಗೆ ತಂದಿಟ್ಟ ಹಾಗೆ. ಆ ಬಿಕೋ ಎನ್ನುವುದೇ ಬೇಕು ಎನ್ನುವವರು ಪಿಎಸ್3ಕ್ಕೆ ಹೋಗಲಿ. ಹೊಸದಾಗಿ ಕೊಟ್ಟದ್ದು ಫೋಟೋ ಮೋಡ್, ಮತ್ತೆ ನಾಡಿನ ಮೂಲೆಮೂಲೆಯಲ್ಲಿ ಅಡಗಿಸಿದ 79 ಹೊಳೆಯುವ ನಾಣ್ಯಗಳು. ಅಷ್ಟನ್ನೂ ಕೂಡಿಸಿದವರಿಗೆ ಡೋರ್ಮಿನ್ ಹೆಸರಿನ ಕತ್ತಿ. ಒಮ್ಮೆ ಮುಗಿಸಿ ಸುಮ್ಮನೆ ಕುದುರೆ ಏರಿ ಅಲೆಯುವವರಿಗೆ ಇದು ನೆಪ, ಬೇರೆಯವರಿಗೆ ಹೊರೆ.

ಸೆಕೆಂಡ್ ಹ್ಯಾಂಡ್ ಪಿಎಸ್4 ಕೊಳ್ಳುವಾಗ ಅಂಗಡಿಯಲ್ಲೇ ನಿಮ್ಮ ಖಾತೆಯಲ್ಲಿ ಲಾಗಿನ್ ಆಗಿ, ಸ್ಟೋರ್ ತೆರೆದು ನೋಡಿ. ಕಂಟ್ರೋಲರಿನ ಎಡಕಡ್ಡಿ ಮುಟ್ಟದೆ ಬಿಟ್ಟಾಗ ವಾಂಡರ್ ತಾನಾಗಿ ನಡೆದರೆ ಆ ಕಡ್ಡಿ ಸವೆದಿದೆ. ಬೇರೆ ಆಟದಲ್ಲಿ ಹೇಗೋ ಸಾಗೀತು, ಕಡ್ಡಿ ಬಿಟ್ಟು ಕುದುರೆಯನ್ನು ನಂಬಬೇಕಾದ ಈ ಆಟದಲ್ಲಿ ಸಾಗದು.

ಲ್ಯಾಪ್‌ಟಾಪ್: ಅಗ್ಗ ಹೌದು, ಸುಲಭ ಅಲ್ಲ

ಪಿಸಿಎಸ್‌ಎಕ್ಸ್2ರ 2.0 ಆವೃತ್ತಿ 2024ರಲ್ಲಿ ಬಂದ ಮೇಲೆ ಸೆಟ್ಟಿಂಗಿನ ತಲೆನೋವು ಬಹಳ ಇಳಿದಿದೆ. ಎಮ್ಯುಲೇಟರ್ ಉಚಿತ. ಬೇಕಾದದ್ದು ಎರಡು: ನಿಮ್ಮದೇ ಪಿಎಸ್2ನಿಂದ ತೆಗೆದ ಬಯೋಸ್ (ಯಂತ್ರವನ್ನು ಎಬ್ಬಿಸುವ ತಂತ್ರಾಂಶ) ಫೈಲು, ನಿಮ್ಮದೇ ಡಿಸ್ಕಿನಿಂದ ಮಾಡಿಕೊಂಡ ಪೂರ್ತಿ ನಕಲು, ಅಂದರೆ ಐಎಸ್‌ಒ. ಡಿಸ್ಕನ್ನು ಕಂಪ್ಯೂಟರಿನ ಸಾದಾ ಡಿವಿಡಿ ಡ್ರೈವೇ ಓದುತ್ತದೆ. ಬಯೋಸ್ ಸಮೇತ ಎಲ್ಲ ಸಿಗುವ ಸೈಟುಗಳಲ್ಲಿ ವೈರಸ್ಸೂ ಸಮೇತ ಸಿಗುತ್ತದೆ.

ಆಂತರಿಕ ರೆಸಲ್ಯೂಶನ್ 3 ಪಟ್ಟು ಇಟ್ಟರೆ ಸುಮಾರು 1080ಪಿ. ಗ್ರಾಫಿಕ್ಸ್ ಕಾರ್ಡ್ ಇಲ್ಲದ ಲ್ಯಾಪ್‌ಟಾಪಿಗೆ 2 ಪಟ್ಟು, ಅಂದರೆ 720ಪಿ ಸಾಕು. ಆಮೇಲೆ ಶುರುವಾಗುವ ಗೊಂದಲ ಇದು: ಮೂಲೆಯಲ್ಲಿ ವೇಗ 100 ಪರ್ಸೆಂಟ್ ಎಂದು ತೋರಿಸುತ್ತಿರುತ್ತದೆ, ಆಟ ಮಾತ್ರ ಕುಂಟುತ್ತಿರುತ್ತದೆ. ಜನ ರೆಸಲ್ಯೂಶನ್ ಇಳಿಸುತ್ತಾರೆ, ಡ್ರೈವರ್ ಬದಲಾಯಿಸುತ್ತಾರೆ, ಏನೂ ಆಗುವುದಿಲ್ಲ. ಆಗದಿರಲು ಕಾರಣ, ಎಮ್ಯುಲೇಟರ್ ಪಿಎಸ್2ನ್ನು ಅದರ ನಿಧಾನದ ಸಮೇತ ನಕಲು ಮಾಡುತ್ತಿದೆ. ಮೂಲ ಯಂತ್ರ 20 ಫ್ರೇಮ್ ಕೊಡುತ್ತಿದ್ದ ಕಡೆ ಇದೂ 20 ಕೊಡುತ್ತದೆ, ಅದೂ ಪ್ರಾಮಾಣಿಕವಾಗಿ. ಮದ್ದು ಇರುವುದು ಒಳಗಿನ ಪಿಎಸ್2ನ ಪ್ರೊಸೆಸರ್ ವೇಗ ಬದಲಿಸುವ ಇಇ ಸೈಕಲ್ ರೇಟ್ ಎಂಬಲ್ಲಿ. ಅದನ್ನು 130ಕ್ಕೆ, ಸಾಲದಿದ್ದರೆ 180 ಪರ್ಸೆಂಟಿಗೆ ಏರಿಸಿದರೆ ಒಳಗಿನ ಪಿಎಸ್2 ಹುರುಪಾಗಿ 30ಕ್ಕೆ ನಿಲ್ಲುತ್ತದೆ. ಈ ಬದಲಾವಣೆಯನ್ನು ಈ ಆಟದ ಪ್ರಾಪರ್ಟೀಸ್‌ನಲ್ಲಿ ಮಾತ್ರ ಮಾಡಿ, ಎಲ್ಲ ಆಟಕ್ಕೂ ಅನ್ವಯಿಸಬೇಡಿ.

ಆದರೆ ಏರಿಸಿದಷ್ಟೂ ಲ್ಯಾಪ್‌ಟಾಪಿನ ಪ್ರೊಸೆಸರಿಗೆ ದುಡಿತ ಹೆಚ್ಚು. ಕಾಲೇಜಿಗೆಂದು ಕೊಂಡ ಎರಡು ಕೋರಿನ ಹಳೆ ಯಂತ್ರದಲ್ಲಿ ಈಗ ವೇಗವೇ 100ರಿಂದ 70ಕ್ಕೆ ಬಿದ್ದು, ಹಾಡು ಎಳೆದೆಳೆದು ಬರುತ್ತದೆ. ಹಾಗಾದರೆ ಆ ಯಂತ್ರಕ್ಕೆ ಈ ಆಟ ಹೊರಲಾಗದು, ಒಪ್ಪಿಕೊಳ್ಳಿ. ನಾಲ್ಕು ಕೋರಿದ್ದರೆ ಕೆಲಸವನ್ನು ಕೋರುಗಳಿಗೆ ಹಂಚುವ ಎಂಟಿವಿಯು ಸೆಟ್ಟಿಂಗ್ ಆನ್ ಇರಲಿ, ಚಾರ್ಜರ್ ಸಿಕ್ಕಿಸಿಯೇ ಆಡಿ, ಪವರ್ ಮೋಡ್ ಪರ್ಫಾರ್ಮೆನ್ಸ್‌ಗೆ ಇಡಿ. ಅಂಚುಗಳಲ್ಲಿ ಎರಡೆರಡು ನೆರಳು ಕಂಡರೆ ಹಾಫ್ ಪಿಕ್ಸೆಲ್ ಆಫ್‌ಸೆಟ್ ಎಂಬುದನ್ನು ಒಂದೊಂದಾಗಿ ಬದಲಾಯಿಸಿ ನೋಡಿ.

ಎಫ್1 ಒತ್ತಿದರೆ ಆ ಕ್ಷಣವನ್ನೇ ಸೇವ್ ಮಾಡುವ, ಎಫ್3ರಿಂದ ಮರಳುವ ಸೌಕರ್ಯ ಇಲ್ಲಿ ಮಾತ್ರ. ಅದನ್ನೇ ನೆಚ್ಚಿಕೊಂಡರೆ ಎಮ್ಯುಲೇಟರ್ ಅಪ್‌ಡೇಟ್ ಆದ ದಿನ ಹಳೆ ಸ್ಟೇಟ್ ತೆರೆಯದೇ ಹೋಗಬಹುದು. ಪ್ರತಿ ದೈತ್ಯ ಬಿದ್ದ ಮೇಲೆ ಆಟವೇ ಕೇಳುವ ಸೇವ್‌ಗೆ ‘ಹೂಂ’ ಅನ್ನಿ.

ಮೊಬೈಲಿನ ಎಮ್ಯುಲೇಟರ್ ಈಥರ್‌ಎಸ್‌ಎಕ್ಸ್2 ಬಗ್ಗೆ ಒಂದೇ ಮಾತು: 2023ರಲ್ಲಿ ಅದರ ಕೆಲಸ ನಿಂತಿದೆ, ಅದೇ ಹೆಸರಿನ ನಕಲಿ ಆ್ಯಪುಗಳು ಉಳಿದಿವೆ. ಗಾಜಿನ ಮೇಲೆ ಒಂದು ಬೆರಳಲ್ಲಿ ಹಿಡಿದು, ಇನ್ನೊಂದರಲ್ಲಿ ಏರಿ, ಮತ್ತೊಂದರಲ್ಲಿ ಇರಿಯುವುದು ಆಗದ ಹೋಗದ ಮಾತು.

ಕರೆಂಟ್ ಹೋದಾಗ

ಮನೆಯಲ್ಲಿ ಇನ್‌ವರ್ಟರ್ ಇದ್ದರೂ ಕರೆಂಟ್ ಹೋದ ಕ್ಷಣ ಫ್ಯಾನ್ ತಿರುಗುತ್ತಲೇ ಇದ್ದು ಕನ್ಸೋಲ್ ಮಾತ್ರ ರೀಸ್ಟಾರ್ಟ್ ಆಗುವುದುಂಟು. ಬದಲಾಗುವ ಆ ಚಿಕ್ಕ ಬಿಡುವನ್ನು ಫ್ಯಾನ್ ತಾಳುತ್ತದೆ, ಕನ್ಸೋಲ್ ತಾಳುವುದಿಲ್ಲ. ಬಹಳಷ್ಟು ಇನ್‌ವರ್ಟರುಗಳ ಹಿಂದೆ ಯುಪಿಎಸ್, ಇಕೋ ಎಂಬ ಸ್ವಿಚ್ ಇರುತ್ತದೆ. ಅದನ್ನು ಯುಪಿಎಸ್ ಕಡೆ ತಳ್ಳಿದರೆ ಬಿಡುವು ಕಿರಿದಾಗುತ್ತದೆ. ಪಿಎಸ್2ರಲ್ಲಿ ಮೆಮೊರಿ ಕಾರ್ಡಿಗೆ ಬರೆಯುವಾಗಲೇ ಕರೆಂಟ್ ಹೋದರೆ ಆ ಸೇವ್ ಹಾಳು, ಅದಕ್ಕೆ ಎರಡು ಸ್ಲಾಟಿನಲ್ಲಿ ಸರದಿಯಂತೆ ಸೇವ್ ಮಾಡಿ. ಒಂದು ಆವೃತ್ತಿಯಲ್ಲಿ ಅರ್ಧ ಆಡಿ ಇನ್ನೊಂದರಲ್ಲಿ ಮುಂದುವರಿಸುವ ಆಸೆ ಬೇಡ, ಪಿಎಸ್2, ಪಿಎಸ್3, ಪಿಎಸ್4ರ ಸೇವ್‌ಗಳು ಒಂದಕ್ಕೊಂದು ಹೊಂದುವುದಿಲ್ಲ.

ಎಲ್ಲದರಲ್ಲೂ ಎಡವುವ ಜಾಗ

ಹಲ್ಲಿಗಳನ್ನು ಬಿಡಬೇಡಿ. ಸೇವ್ ಮಾಡುವ ಪುಟ್ಟ ಗುಡಿಗಳ ಬುಡದಲ್ಲಿ ಬಿಳಿ ಬಾಲದ ಹಲ್ಲಿಗಳು ಓಡಾಡುತ್ತವೆ. ಬಾಣ ಹೊಡೆದು ಬಾಲ ತಿಂದರೆ ಕೈಬಲ ಹೆಚ್ಚುತ್ತದೆ, ಮರದ ಹಣ್ಣಿಗೆ ಬಾಣ ಹೊಡೆದು ತಿಂದರೆ ಜೀವ ಹೆಚ್ಚುತ್ತದೆ. ಹೊಸ ಆವೃತ್ತಿಯ ವೇಗಕ್ಕೆ ಕೈ ಕೂಡದವರು ಮೊದಲ ನಾಲ್ಕು ದೈತ್ಯರ ನಡುವೆ ಏಳೆಂಟು ಬಾಲ ತಿಂದುಕೊಂಡರೆ ಮುಂದಿನ ದಾರಿ ಹಗುರ.

ಹತ್ತನೆಯದು ಮರಳೊಳಗೆ ಈಜುವ ದೈತ್ಯ. ಆಗ್ರೋ ಮೇಲೆ ಕೂತು, (ಮೂಲ ಗುಂಡಿ ಜೋಡಣೆಯಲ್ಲಿ) ಎಕ್ಸ್ ಒತ್ತೊತ್ತಿ ಪೂರ್ತಿ ಓಟಕ್ಕೆ ತಂದು, ಎಲ್1 ಒತ್ತಿ ಹಿಂದಕ್ಕೆ ನೋಡಬೇಕು. ಬಿಲ್ಲು ಎಳೆದು, ಮರಳಿನಿಂದ ಮೇಲೆದ್ದ ಕಣ್ಣಿಗೆ ಬಿಡಬೇಕು. ಇಲ್ಲಿ ಸೋಲುವವರೆಲ್ಲ ಗುರಿ ಹಿಡಿಯುತ್ತಲೇ ಎಡಕಡ್ಡಿಯಿಂದ ಕುದುರೆಯನ್ನೂ ತಿರುಗಿಸಲು ಹೋಗಿ ಗೋಡೆಗೆ ಗುದ್ದಿಸಿ ನಿಲ್ಲಿಸಿಕೊಂಡವರೇ. ಕುದುರೆಗೆ ಗೋಡೆ ಕಾಣುತ್ತದೆ, ತಾನೇ ಬಳಸಿಕೊಂಡು ಓಡುತ್ತದೆ. ಹದಿಮೂರನೆಯ ಹಾರುವ ದೈತ್ಯನಲ್ಲೂ ಅಷ್ಟೇ. ಹೊಟ್ಟೆಯ ಮೂರು ಗಾಳಿಚೀಲಗಳಿಗೆ ಬಾಣ ಬಿಟ್ಟ ಮೇಲೆ ಅದರ ರೆಕ್ಕೆಗಳು ನೆಲಕ್ಕೆ ಸವರುವಷ್ಟು ಇಳಿಯುತ್ತವೆ. ಪಕ್ಕಕ್ಕೆ ಸಮವಾಗಿ ಓಡಿಸಿ, ಕಡ್ಡಿ ಬಿಟ್ಟು, ಜೀನಿನ ಮೇಲೆ ಎದ್ದು ನಿಂತು ನೆಗೆಯಿರಿ. ಪಿಎಸ್2ರಲ್ಲಿ ರೆಕ್ಕೆ ಎದುರಿಗೆ ಬರುವ ಒಂದು ಗಳಿಗೆ ಮುಂಚೆ, 60 ಫ್ರೇಮಿನಲ್ಲಿ ಬಂದಾಗಲೇ.